ಸೆಗೋವಿಯಾದಲ್ಲಿ ಅಕ್ಕ ‘ಬರ್ತೇನಿ’ ಅಂದದ್ದು

ಮೇ ತಿಂಗಳ ಒಂದು ಸಂಜೆ ಕೆನಡಾದ ಪಿಯರ್ಸನ್ ವಿಮಾನ ನಿಲ್ದಾಣದಲ್ಲಿ ನಮ್ಮನ್ನು ಇಳಿಸಿದ ನನ್ನ ಮಗಳು ಡಿಕ್ಕಿಯಿಂದ ಸೂಟ್‌ಕೇಸು ತೆಗೆಯುತ್ತ ನನ್ನ ಕಿವಿಯಲ್ಲಿ ಪಿಸುಗುಟ್ಟಿದಳು: “ಅಮ್ಮಾ, ಡೋಂಟ್ ಲೆಟ್ ದೊಡ್ಡಮ್ಮ ಕ್ಲೈಂಬ್ ಎವ್ರಿಥಿಂಗ್.” ದೊಡ್ಡಮ್ಮ ಎಂದರೆ ನನ್ನ ಅಕ್ಕ ಸರೋಜ. ಅವಳ ಕಿವಿ ಬಲು ಚುರುಕು. “ನಾ ಏರಾಕ ಅಂತನ ಹೊಂಟೀನಿ, ಪುಟ್ಟಿ,” ಎಂದು ಕೈಚೀಲ ಹೆಗಲಿಗೇರಿಸಿ ನಡೆದೇಬಿಟ್ಟಳು.

ಹುಬ್ಬಳ್ಳಿ ಬಿಟ್ಟು ಬಂದ ನಾವಿಬ್ಬರೂ ಬರ್ಲಿಂಗ್ಟನ್ನಿನಲ್ಲಿ ಬೇರೆಬೇರೆ ಮನೆಗಳಲ್ಲಿದ್ದೇವೆ. ನಾನು ವಿಮಾ ಕಚೇರಿಯಲ್ಲಿ ಕೂತು ಕೆಲಸ ಮಾಡುವವಳು. ಅಕ್ಕ ವಿಟಮಿನ್ ಮಾತ್ರೆಯ ಬಾಟಲಿ ತುಂಬುವ ಕಾರ್ಖಾನೆಯ ಲೈನಿನಲ್ಲಿ ದಿನವಿಡೀ ನಿಂತು ಕೆಲಸ ಮಾಡುವವಳು. ಕಳೆದ ಚಳಿಗಾಲ ಅವಳ ಬಲಗಾಲಿನ ಮೊಣಕಾಲಿಗೆ ಆಪರೇಷನ್ ಆಗಿ ಹೊಸ ಕೀಲು ಬಂತು. ಅಂದಿನಿಂದ ರಜೆಯಲ್ಲಿದ್ದಳು. ಲೈನಿಗೆ ವಾಪಸ್ಸು ಬರುತ್ತೀಯೋ ಅಥವಾ ನಿವೃತ್ತಿ ತೆಗೆದುಕೊಳ್ಳುತ್ತೀಯೋ, ಊರು ಸುತ್ತಿ ಬಂದ ಮೇಲೆ ತಿಳಿಸು ಎಂದು ಸೂಪರ್‌ವೈಸರ್ ಹೇಳಿದ್ದ.

ಸಾಕು, ಬಿಟ್ಟುಬಿಡು ಎಂಬುದು ನನ್ನ ವಾದ. ಹೋಗಿಯೇ ತೀರುತ್ತೇನೆ ಎಂಬುದು ಅವಳದು. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎಂಬಂತೆ ಆರು ತಿಂಗಳು ಇದೇ ನಡೆದಿತ್ತು. ಕೊನೆಗೆ ಅಕ್ಕನೇ ಒಂದು ಪಂದ್ಯ ಕಟ್ಟಿದಳು. “ಸ್ಪೇನಿನ ಹಳೇ ಊರಾಗ ವಾಕಿಂಗ್ ಟೂರ್ ಅಂತ ಮಾಡಸ್ತಾರಂತ. ಎಲ್ಲಾ ಕಲ್ಲಿನ ದಾರಿ, ಏರು, ಇಳಕಲು. ಅದನ್ನ ಪೂರಾ ನಡದ್ರ ಲೈನಿಗೆ ಹೋಗ್ತೇನಿ. ಆಗಲಿಲ್ಲಂದ್ರ ನೀ ಹೇಳಿದಂಗ.” ದೇಶ ನೋಡಲು ಜನ ಏನೇನೋ ಕಾರಣ ಹೇಳುತ್ತಾರೆ. ನಮ್ಮ ಪ್ರವಾಸದ ಕಾರಣ ಒಂದು ಮೊಣಕಾಲು.

ಮ್ಯಾಡ್ರಿಡ್ಡಿನಲ್ಲಿ ಮೊದಲೆರಡು ದಿನ ನಿದ್ದೆ ಸರಿಪಡಿಸಿಕೊಳ್ಳುವುದರಲ್ಲೇ ಹೋಯಿತು. ಮೂರನೆಯ ಬೆಳಿಗ್ಗೆ ಮೊಂಕ್ಲೋವಾ ಎಂಬಲ್ಲಿ ನೆಲದಡಿಯ ನಿಲ್ದಾಣದಿಂದ ಸೆಗೋವಿಯಾದ ಬಸ್ಸು ಹತ್ತಿದೆವು. ಹೋಗಿಬರುವ ಟಿಕೆಟ್ಟು ಒಬ್ಬರಿಗೆ ಹತ್ತು ಯೂರೋ ಆಸುಪಾಸು. ಒಂದೂಕಾಲು ಗಂಟೆಯ ದಾರಿ. ನಡುವೆ ಅಡ್ಡ ಬರುವ ಬೆಟ್ಟಸಾಲಿನ ನೆತ್ತಿಯಲ್ಲಿ ಇನ್ನೂ ಹಿಮವಿತ್ತು. ಸುರಂಗ ದಾಟಿ ಆಚೆ ಬಂದರೆ ಒಣ ಹುಲ್ಲುಗಾವಲು, ಅಲ್ಲಲ್ಲಿ ದನ, ನೀಲಿ ಆಕಾಶ. ಅಕ್ಕ ಸೀಟಿನಲ್ಲಿ ಕೂತೇ ಪಾದ ಮೇಲೆ ಕೆಳಗೆ ಆಡಿಸುತ್ತ ಫಿಸಿಯೋ ಹೇಳಿಕೊಟ್ಟ ವ್ಯಾಯಾಮ ಮಾಡಿದಳು. ಪಕ್ಕದ ಮುದುಕ ಅದನ್ನು ಬಹಳ ಗೌರವದಿಂದ ನೋಡುತ್ತಿದ್ದ.

ಸೆಗೋವಿಯಾದಲ್ಲಿ ಬಸ್ಸಿಳಿದು ಸ್ವಲ್ಪ ನಡೆದರೆ ಊರಿಗೆ ನೀರು ತರಲು ರೋಮನ್ನರು ಕಟ್ಟಿದ ಮೇಲ್ಗಾಲುವೆ ಎದುರಾಗುತ್ತದೆ. ಒಂದರ ಮೇಲೊಂದು ಎರಡು ಸಾಲು ಕಮಾನುಗಳು, ಸುಣ್ಣವಿಲ್ಲ, ಗಾರೆಯಿಲ್ಲ, ಕಲ್ಲಿಗೆ ಕಲ್ಲೇ ಆಸರೆ. ಅದರ ಬುಡದ ಚೌಕದಲ್ಲಿ ನೀಲಿ ಕೊಡೆ ಹಿಡಿದ ನಮ್ಮ ಗೈಡ್ ನಿಂತಿದ್ದಳು. ಹೆಸರು ಲೂಸಿಯಾ, ವಯಸ್ಸು ಮೂವತ್ತರೊಳಗೆ, ಇಂಗ್ಲಿಷು ಸ್ಪಷ್ಟ. ಫೋನಿನಲ್ಲಿ ಹೆಸರು ಓದಿ ನಮ್ಮನ್ನೆಲ್ಲ ಕರೆದಳು. ಸ್ಪ್ಯಾನಿಶ್ ನಾಲಿಗೆಯಲ್ಲಿ ‘ಜ’ ಹೋಗಿ ‘ಹ’ ಆಗುವುದರಿಂದ ಸರೋಜಕ್ಕ ಅಲ್ಲಿ ಸರೋಹಾ ಆದಳು. “ಇರಲಿ, ಚಲೋ ಕೇಳಸ್ತದ,” ಎಂದಳು ಅಕ್ಕ. ನಮ್ಮ ಜೊತೆ ಆಸ್ಟ್ರೇಲಿಯಾದ ಗಂಡ ಹೆಂಡತಿ, ಮೂವರು ಕಾಲೇಜು ಹುಡುಗಿಯರು ಇದ್ದರು. ಅಷ್ಟೇ ಗುಂಪು.

ಲೂಸಿಯಾ ಮೊದಲು ಕಾಲುವೆಯ ಕಥೆ ಹೇಳಿದಳು. ದಿನಾ ಬೆಟ್ಟದಿಂದ ನೀರು ಹೊತ್ತು ಬೇಸತ್ತ ಹುಡುಗಿಯೊಬ್ಬಳು, ಬೆಳಗಾಗುವುದರೊಳಗೆ ಮನೆ ಬಾಗಿಲಿಗೆ ನೀರು ತಂದರೆ ನನ್ನ ಆತ್ಮ ನಿನ್ನದು ಎಂದು ಸೈತಾನನಿಗೆ ಮಾತು ಕೊಟ್ಟಳಂತೆ. ಸೈತಾನ ರಾತ್ರಿಯಿಡೀ ಕಟ್ಟಿದ. ಕೊನೆಯ ಒಂದು ಕಲ್ಲು ಬಾಕಿಯಿದ್ದಾಗ ಸೂರ್ಯ ಹುಟ್ಟಿದ, ಹುಡುಗಿ ಉಳಿದುಕೊಂಡಳು, ಊರಿಗೆ ನೀರೂ ಬಂತು. ನಾನು ಅಕ್ಕನಿಗೆ ಕನ್ನಡದಲ್ಲಿ ಹೇಳಿದೆ. ಅವಳು ಕಮಾನುಗಳನ್ನು ಮೇಲಿನಿಂದ ಕೆಳಗಿನವರೆಗೆ ನೋಡಿ, “ನಮ್ಮ ಹುಬ್ಬಳ್ಳಿಗೆ ಆ ಸೈತಾನ ಬಂದಿದ್ರ ಅವನೂ ಎಂಟ ದಿನಕ್ಕೊಮ್ಮೆನ ನೀರ ಬಿಡ್ತಿದ್ದ,” ಎಂದಳು. ನಾನು ನಕ್ಕದ್ದು ನೋಡಿ ಲೂಸಿಯಾ ಕಾರಣ ಕೇಳಿದಳು. ಇಂಗ್ಲಿಷಿಗೆ ತಂದರೆ ಅದರಲ್ಲಿ ನಗು ಉಳಿಯಲಿಲ್ಲ.

ಅಲ್ಲಿಂದ ಏರು ಶುರು. ಕಾರು ಓಡಾಡದ ಕಲ್ಲುಹಾಸಿನ ಬೀದಿ, ಎರಡೂ ಕಡೆ ಅಂಗಡಿ. ಹೋಟೆಲಿನ ಗಾಜಿನ ಹಿಂದೆ ಇಡಿಯಾಗಿ ಸುಟ್ಟ ಹಂದಿಮರಿಗಳನ್ನು ಸಾಲಾಗಿ ಮಲಗಿಸಿದ್ದರು, ಅದು ಆ ಊರಿನ ಹೆಸರುವಾಸಿ ಊಟ. ಸಸ್ಯಾಹಾರಿಗಳಾದ ನಾವು ಎದುರಿನ ಗೋಡೆ ನೋಡುತ್ತ ದಾಟಿದೆವು. ಗೋಡೆಗಳೇ ನೋಡುವ ಹಾಗಿದ್ದವು. ಹಸಿ ಗಾರೆಯನ್ನು ಕೆರೆದು ಮಾಡಿದ ವೃತ್ತ, ಎಲೆ, ಚೌಕಗಳು ಮನೆಯ ಬುಡದಿಂದ ತಾರಸಿಯವರೆಗೆ ಹಬ್ಬಿದ್ದವು. ರಂಗೋಲಿಯನ್ನು ಅಂಗಳದಿಂದ ಎತ್ತಿ ಗೋಡೆಗೆ ನಿಲ್ಲಿಸಿದಂತಿತ್ತು. ಮುಂದೊಂದು ಮನೆಯ ಮುಖದ ತುಂಬ ಚೂಪು ಕಲ್ಲಿನ ಮೊನೆಗಳು ಹೊರಕ್ಕೆ ಚಾಚಿದ್ದವು. ಬೆನ್ನು ಒರಗಿಸಲೂ ಜಾಗವಿಲ್ಲ ಎಂದು ಅಕ್ಕ ಗೊಣಗಿದಳು. ಆಗ ನಾನು ಅವಳ ಮುಖ ನೋಡಿದೆ. ಹಣೆಯಲ್ಲಿ ಬೆವರು, ತುಟಿ ಬಿಗಿದಿತ್ತು.

ಕಮಾನಿನ ಮೊಗಸಾಲೆಯಿರುವ ಒಂದು ಹಳೆಯ ಚರ್ಚಿನ ಬಳಿ ಅವಳು ನಿಂತಳು. ಮೆಟ್ಟಿಲಿನ ಅಂಚಿನಲ್ಲಿ ಮೆಲ್ಲಗೆ ಕೂತು ಬಲಗಾಲು ಚಾಚಿದಳು. “ಆಗವಲ್ದು. ನೀ ಹೋಗು. ಒಬ್ಬರರ ಕೇಳಿ ಬಂದು ನನಗ ಹೇಳು,” ಎಂದಳು. ಸುಳ್ಳೇಕೆ ಹೇಳಲಿ, ನನಗೆ ಒಳಗೊಳಗೇ ಹಾಯೆನಿಸಿತು. ವಾದ ಗೆದ್ದಿದ್ದೆ. ಆದರೆ ಅವಳ ಮುಖದಲ್ಲಿದ್ದದ್ದು ಕಾಲುನೋವಲ್ಲ, ಅವಮಾನ ಎಂದು ಕಂಡು ಗೆದ್ದ ಖುಷಿ ಅಲ್ಲೇ ಇಂಗಿತು.

ಲೂಸಿಯಾ ಹತ್ತಿರ ಬಂದಾಗ ಅಕ್ಕ ಕೂತಲ್ಲೇ ಕೈಮುಗಿದು ನಗುತ್ತ, “ಥ್ಯಾಂಕ್ಯೂ ಮೇಡಮ್. ವೆರಿ ನೈಸ್ ಟೂರ್. ಐಯಾಮ್ ಕಮಿಂಗ್,” ಎಂದಳು. “ಪರ್ಫೆಕ್ತೋ, ಸರೋಹಾ!” ಎಂದು ಹೇಳಿ ಲೂಸಿಯಾ ಕೊಡೆ ಎತ್ತಿ ಹೊರಟಳು. ನಾನೂ ಗುಂಪಿನ ಹಿಂದೆ ನಡೆದೆ. ಆ ಮಾತಿನಲ್ಲಿ ನನಗೆ ಯಾವ ತಪ್ಪೂ ಕೇಳಿಸಲಿಲ್ಲ.

ಬೀದಿ ಇನ್ನಷ್ಟು ಏರಿ ಊರಿನ ದೊಡ್ಡ ಚೌಕಕ್ಕೆ ಬಂದು ನಿಂತಿತು. ನಡುವೆ ವಾದ್ಯದವರ ಮಂಟಪ, ಒಂದು ಮೂಲೆಯಲ್ಲಿ ಜೇನುಬಣ್ಣದ ದೊಡ್ಡ ಚರ್ಚು, ಸುತ್ತ ಕುರ್ಚಿ ಹಾಕಿದ ಕಾಫಿ ಅಂಗಡಿಗಳು. ಬೆಟ್ಟದ ಕಡೆಯಿಂದ ಚಳಿಗಾಳಿ ಬೀಸುತ್ತಿತ್ತು. ಲೂಸಿಯಾ ಕೊಡೆ ಮಡಚಿ ಸುಮ್ಮನೆ ನಿಂತಳು. ನಾವೂ ನಿಂತೆವು. ಕಾಲೇಜು ಹುಡುಗಿಯರು ಫೋಟೋ ತೆಗೆದುಕೊಂಡರು, ತೆಗೆದದ್ದನ್ನು ಅಳಿಸಿ ಮತ್ತೆ ತೆಗೆದರು. ಆಸ್ಟ್ರೇಲಿಯಾದ ಗಂಡಸು ಜಾಕೆಟ್ಟಿನ ಗುಂಡಿ ಕುತ್ತಿಗೆಯವರೆಗೆ ಹಾಕಿಕೊಂಡ. ಕೊನೆಗೆ ಅವನ ಹೆಂಡತಿಯೇ ಯಾಕೆ ನಿಂತಿದ್ದೇವೆ ಎಂದು ಕೇಳಿದಳು.

“ಸರೋಹಾಗಾಗಿ,” ಎಂದಳು ಲೂಸಿಯಾ. “ಬರುತ್ತಿದ್ದೇನೆ ಅಂದಿದ್ದಾರಲ್ಲ.”

ಆಗ ನನಗೆ ಬೆಳಕಾಯಿತು. ನಮ್ಮಲ್ಲಿ ಎದ್ದು ಹೊರಡುವವರು ‘ಹೋಗ್ತೀನಿ’ ಅನ್ನುವುದಿಲ್ಲ, ಅದು ಅಪಶಕುನ. ಹೊರಡುವಾಗ ‘ಬರ್ತೀನಿ’ ಅನ್ನಬೇಕು. ಅಕ್ಕ ಇಷ್ಟು ವರ್ಷ ಕೆನಡಾದಲ್ಲಿ ಅದನ್ನೇ ಇಂಗ್ಲಿಷಿನಲ್ಲಿ ಹೇಳುತ್ತ ಬಂದವಳು. ಅವಳ ಶಿಫ್ಟಿನಲ್ಲಿ ಪಂಜಾಬಿ, ಗುಜರಾತಿ ಹೆಂಗಸರೇ ಹೆಚ್ಚು. ಅವರೂ ಬರ್ತೀನಿ ಎಂದೇ ಮನೆಗೆ ಹೋಗುವ ಜನ. ಹೀಗಾಗಿ ಈ ತಪ್ಪನ್ನು ಹಿಡಿಯುವವರೇ ಇರಲಿಲ್ಲ.

ಲೂಸಿಯಾಗೆ ವಿವರಿಸಿದೆ. ನನ್ನ ಅಕ್ಕ ಬರುವುದಿಲ್ಲ, ಬರುತ್ತೇನೆ ಅಂದದ್ದು ಹೋಗುವುದಕ್ಕಾಗಿ ಎಂದೆ. ಹೇಳುತ್ತಿದ್ದಂತೆ ನನಗೇ ಅದು ಹುಚ್ಚರ ಮಾತಿನಂತೆ ಕೇಳಿಸಿತು. ಅವಳು ಹುಬ್ಬು ಗಂಟಿಕ್ಕಿ ಕೇಳಿದಳು: “ಹಾಗಾದರೆ ನಿಜವಾಗಿಯೂ ಬರುತ್ತಿರುವಾಗ ಏನು ಹೇಳುತ್ತೀರಿ?”

“ಬಂದೆ ಅನ್ನುತ್ತೇವೆ,” ಎಂದೆ. “ಅಂದರೆ, ಆಗಲೇ ಬಂದಾಯಿತು ಅಂತ.”

ಆಸ್ಟ್ರೇಲಿಯಾದ ಗಂಡಸು ಬಿದ್ದು ಬಿದ್ದು ನಕ್ಕ. ಲೂಸಿಯಾ ನಗಲಿಲ್ಲ. “ಅವರು ಬರುವುದಿಲ್ಲ ಎಂದು ಅವರೇ ಹೇಳಲಿ, ಆಮೇಲೆ ಹೊರಡೋಣ,” ಎಂದಳು. ಗುಂಪಿನವರನ್ನು ದಾರಿಯಲ್ಲಿ ಬಿಟ್ಟು ಹೋಗುವುದು ಅವಳ ರೂಢಿಯಲ್ಲ ಎಂದು ಕಂಡಿತು. ನಾನು ಅಕ್ಕನಿಗೆ ಫೋನು ಮಾಡಿದೆ.

“ಅಕ್ಕಾ, ನಿನ್ನ ಸಲುವಾಗಿ ಎಲ್ಲಾರೂ ಇಲ್ಲೆ ಥಂಡ್ಯಾಗ ನಿಂತಾರ.”

“ಯಾಕ? ನಾ ಬರ್ತೇನಿ ಅಂತ ಹೇಳಿ ಬಿಟ್ಟೀನಲ್ಲ!”

“ಹಂಗಂದಿದ್ದಕ್ಕ ನಿಂತಾರವಾ.”

ಆ ಕಡೆಯಿಂದ, “ಅಯ್ಯ ಶಿವನ!” ಎಂಬ ಉದ್ಗಾರ. ಬರಲು ಆಗುವುದಿಲ್ಲ ಎಂದು ನೀನೇ ಒಂದು ಮಾತು ಹೇಳಿಬಿಡು, ಫೋನು ಆ ಹುಡುಗಿಗೆ ಕೊಡುತ್ತೇನೆ ಎಂದೆ. ಅಕ್ಕ ಉಸಿರೆಳೆದುಕೊಳ್ಳುವುದು ಕೇಳಿಸಿತು. “ಕೊಡಬ್ಯಾಡ,” ಎಂದಳು. “ಬಂದೆ.”

ಅವಳು ಬೀದಿಯ ತಿರುವಿನಲ್ಲಿ ಕಂಡಾಗ ನಾನು ಓಡಿಹೋಗಿ ಕೈಹಿಡಿಯಲು ನೋಡಿದೆ. ದೂರದಿಂದಲೇ ಕೈಯಾಡಿಸಿ ಬೇಡವೆಂದಳು. ಒಂದು ಕೈಯಿಂದ ಗೋಡೆ ಸವರುತ್ತ, ಒಂದೊಂದೇ ಕಲ್ಲು ನೋಡಿ ಕಾಲಿಡುತ್ತ ಬಂದಳು. ನಡುವೆ ಎರಡು ಸಲ ನಿಂತಳು, ಕೂರಲಿಲ್ಲ. ಚೌಕ ಮುಟ್ಟಿದ ಮೇಲೆ ಎಲ್ಲರಿಗೂ, “ಸಾರಿ, ಸಾರಿ,” ಎಂದಳು. ಯಾರೂ ಚಪ್ಪಾಳೆ ತಟ್ಟಲಿಲ್ಲ, ಅದು ಒಳ್ಳೆಯದೇ ಆಯಿತು. ಲೂಸಿಯಾ ಕೊಡೆ ಬಿಚ್ಚಿ, ಈ ಚರ್ಚನ್ನು ಕಟ್ಟುವುದು ಎಷ್ಟು ತಲೆಮಾರುಗಳ ಕೆಲಸವಾಯಿತು ಎಂದು ಹೇಳತೊಡಗಿದಳು.

ಅಲ್ಲಿಂದ ಕೋಟೆಯವರೆಗೆ ಓಣಿಗಳ ದಾರಿ, ಹೆಚ್ಚೂಕಡಿಮೆ ಇಳಕಲು. ಲೂಸಿಯಾ ನಡಿಗೆ ನಿಧಾನ ಮಾಡಿದ್ದಳು, ಅಕ್ಕನಿಗಾಗಿ ಎಂದು ತೋರಗೊಡದೆ ಪ್ರತಿ ಬಾಗಿಲಿಗೂ ಒಂದು ಕಥೆ ಹೇಳಿ ನಿಲ್ಲಿಸುತ್ತಿದ್ದಳು. ಕೋಟೆ ಎರಡು ಹೊಳೆ ಕೂಡುವ ಕಡಿದಾದ ಬಂಡೆಯ ತುದಿಯಲ್ಲಿ ನಿಂತಿದೆ. ಟೂರು ಅದರ ಮುಂದಿನ ತೋಟದಲ್ಲಿ ಮುಗಿಯಿತು. ಒಳಗೆ ಹೋಗಲು, ಗೋಪುರ ಹತ್ತಲು ಬೇರೆ ಟಿಕೆಟ್ಟು. ಅಕ್ಕ ಗೋಪುರವನ್ನು ನೆತ್ತಿಯವರೆಗೆ ನೋಡಿ, “ಇದು ಟೂರಿನಾಗ ಇಲ್ಲಲ್ಲ?” ಎಂದು ಖಾತ್ರಿ ಮಾಡಿಕೊಂಡಳು.

ತೋಟದಲ್ಲಿ ಬೆಂಚುಗಳಿದ್ದವು. ಅಕ್ಕ ಕೂರಲಿಲ್ಲ. ಕಟಾಂಜನ ಹಿಡಿದು ಕೆಳಗಿನ ಕಣಿವೆ, ಆಚೆಯ ಬೋಳು ದಿಬ್ಬಗಳನ್ನು ನೋಡುತ್ತ ಬಹಳ ಹೊತ್ತು ನಿಂತೇ ಇದ್ದಳು. ಪಂದ್ಯ ಅವಳದಾಯಿತು, ಇನ್ನು ಲೈನಿಗೆ ಹೋಗುವುದು ಖಂಡಿತ ಎಂದು ನಾನು ಮನಸ್ಸಿನಲ್ಲೇ ಸೋಲೊಪ್ಪಿಕೊಂಡೆ. ಬಸ್‌ಸ್ಟ್ಯಾಂಡಿಗೆ ಟ್ಯಾಕ್ಸಿಯಲ್ಲಿ ಹೋದೆವು. ಬಸ್ಸಿಗೆ ಕಾಯುತ್ತ ಕಾಫಿಯೊಡನೆ ಅಲ್ಲಿಯ ಸಿಹಿಯೊಂದನ್ನು ತಿಂದೆವು, ಮೇಲೆ ಬಾದಾಮಿ ಹೂರಣದ ಹೊದಿಕೆ, ಅದರ ಮೇಲೆ ಸುಟ್ಟ ಸಕ್ಕರೆಯ ಗೀರುಗಳು. ಅಕ್ಕ ನನ್ನ ಪಾಲಿನ ಅರ್ಧವನ್ನೂ ತಿಂದಳು. ಕೆಲಸದ ಮಾತು ಇಬ್ಬರೂ ಎತ್ತಲಿಲ್ಲ. ಮುಂದಿನ ದಿನಗಳಲ್ಲಿ ಮ್ಯಾಡ್ರಿಡ್ಡಿನಲ್ಲಿ ಸುತ್ತಾಡುವಾಗಲೂ ಎತ್ತಲಿಲ್ಲ.

ಪಿಯರ್ಸನ್‌ನಲ್ಲಿ ಮಧ್ಯಾಹ್ನ ಇಳಿದಾಗ ಸಣ್ಣ ಮಳೆ. ಮಗಳು ಕಾರು ತಂದಿದ್ದಳು. ಅಕ್ಕ ಮುಂದಿನ ಸೀಟಿನಲ್ಲಿ ಕಾಲು ಚಾಚಿ ಕೂತಳು. ಬರ್ಲಿಂಗ್ಟನ್ ಹತ್ತಿರವಾಗುತ್ತಿದ್ದಂತೆ ಹೆದ್ದಾರಿಯ ಪಕ್ಕದಲ್ಲಿ ಅವಳ ಕಾರ್ಖಾನೆಯ ಬೂದು ಗೋಡೆ, ತುಂಬಿದ ಪಾರ್ಕಿಂಗು ಕಂಡವು. ಅದನ್ನು ನೋಡುತ್ತಲೇ ಅವಳು ಫೋನು ತೆಗೆದು ಸೂಪರ್‌ವೈಸರನಿಗೆ ಹಚ್ಚಿದಳು. ತನ್ನ ಇಂಗ್ಲಿಷಿನಲ್ಲಿ, ಮೊಣಕಾಲು ಚೆನ್ನಾಗಿದೆ, ಒಂದು ಊರು ಪೂರ್ತಿ ನಡೆದು ಬಂದೆ, ಆದರೆ ಲೈನಿಗೆ ವಾಪಸ್ಸು ಬರುವುದಿಲ್ಲ, ನಿವೃತ್ತಿಯ ಕಾಗದ ಕಳಿಸು ಎಂದಳು. ಮಗಳು ಕನ್ನಡಿಯಲ್ಲಿ ನನ್ನ ಕಡೆ ನೋಡಿದಳು.

“ಪೂರಾ ನಡದಿಯಲ್ಲ ಅಕ್ಕಾ. ಗೆದ್ದ ಮ್ಯಾಲ ಯಾಕ ಬಿಟ್ಟಿ?” ಎಂದು ನಾನು ಹಿಂದಿನಿಂದ ಕೇಳಿದೆ.

ಅಕ್ಕ ಹಿಂದೆ ಸರಿಯುತ್ತಿದ್ದ ಕಾರ್ಖಾನೆಯನ್ನು ಕತ್ತು ತಿರುಗಿಸಿ, ಅದು ಮರೆಯಾಗುವವರೆಗೆ ನೋಡಿದಳು.

“ನಡ್ಯಾಕ ಆಗದಿದ್ರ ಮೊಣಕಾಲು ಕೆಲಸಾ ಬಿಡಸ್ತಿತ್ತು,” ಎಂದಳು. “ಈಗ ನಾನ ಬಿಟ್ಟೆ.”