ಹೆನ್ರಿಗೆ ಹಿಮ, ನನಗೆ ಫರಶಿ

ಜೇವರ್ಗಿಯ ಬಸ್‌ನಿಲ್ದಾಣದ ಹತ್ತಿರ ಇವತ್ತು ಕಬ್ಬಿನ ಹಾಲು ಕುಡಿಯುತ್ತ ನಿಂತಿದ್ದೆ. ಅಂಗಡಿಯವನ ಕೈಯಿಂದ ಜಾರಿದ ಬರ್ಫದ ತುಂಡು ನೇರ ನನ್ನ ಪಾದದ ಮೇಲೆ ಬಿತ್ತು. ಬೇರೆಯವರಾಗಿದ್ದರೆ ಬೈಯುತ್ತಿದ್ದರು; ನನಗೆ ನಗು ಬಂತು. ಇತಿಹಾಸದ ಮಾಸ್ತರನ ಕಾಲಿಗೆ ಬರ್ಫ ತಗುಲಿದರೆ ನೆನಪಾಗುವವನು ಒಬ್ಬನೇ, ಜರ್ಮನಿಯ ದೊರೆ ನಾಲ್ಕನೆಯ ಹೆನ್ರಿ. ಪೋಪ್ ಧರ್ಮದಿಂದ ಹೊರಗೆ ಹಾಕಿದ್ದಕ್ಕೆ ಕನೋಸ್ಸಾ ಎಂಬ ಕೋಟೆಯ ಬಾಗಿಲಲ್ಲಿ, ಹಿಮದ ಮೇಲೆ, ಬರಿಗಾಲಲ್ಲಿ ಮೂರು ದಿನ ನಿಂತು ಕ್ಷಮೆ ಕೇಳಿದವನು. ಅವನ ಕಷ್ಟ ನನಗೆ ಗೊತ್ತು. ನಾನೂ ನಿಂತವನೇ.

ಮದುವೆಯಾದ ಮರುವರ್ಷ ನನ್ನ ಹೆಂಡತಿ ನೀಲಾ ಬಿ.ಎ. ಪರೀಕ್ಷೆಗೆ ಮನೆಯಲ್ಲೇ ಓದುತ್ತಿದ್ದಳು. ನಾನೇ ಗುರು. ಎಂಥ ಗುರು ಅನ್ನುತ್ತೀರಿ! ಒಂದು ದಿನ ಮನೆ ತುಂಬ ಬೀಗರು. ಒಳಗೆ ಗಟ್ಟಿಯಾಗಿ ಓದುತ್ತಿದ್ದ ನೀಲಾ, ಶಾರ್ಲಮನ್ ಚಕ್ರವರ್ತಿಯನ್ನು ಬಾಯಿತಪ್ಪಿ ‘ಶರಣಮ್ಮ’ ಅಂದುಬಿಟ್ಟಳು.

“ಕೇಳಿದ್ರೇನ್ರಿ? ನಮ್ಮಾಕಿ ಯುರೋಪ್ ಆಳಾಕ ಶರಣಮ್ಮನ್ನ ಕಳಿಸ್ಯಾಳ!” ಎಂದೆ. ಬೀಗರು ಹೊಟ್ಟೆ ಹಿಡಿದುಕೊಂಡು ನಕ್ಕರು. ಎಲ್ಲರಿಗಿಂತ ಜೋರಾಗಿ ನಕ್ಕವನು ನಾನು.

ನೀಲಾ ಪುಸ್ತಕ ಮುಚ್ಚಿದಳು. ಮರುದಿನ ಬೆಳಿಗ್ಗೆ, “ನಾ ಪರೀಕ್ಷಾಕ್ಕ ಕೂಡಂಗಿಲ್ಲ” ಎಂದವಳೇ ತವರೂರು ಮಾದನಹಿಪ್ಪರಗಾಕ್ಕೆ ಹೊರಟುಹೋದಳು. ಪರೀಕ್ಷೆಗೆ ಒಂದೇ ವಾರವಿತ್ತು.

ಎರಡು ದಿನ ಬಿಗಿದುಕೊಂಡು ಕೂತೆ. ಮೂರನೆಯ ದಿನ ಆಳಂದದಲ್ಲಿ ಬಸ್ಸು ಬದಲಿಸಿ, ಬೇಸಿಗೆಯ ಮಟಮಟ ಮಧ್ಯಾಹ್ನ ಅತ್ತೆಯ ಮನೆಯ ಅಂಗಳದಲ್ಲಿ ನಿಂತೆ. ನೀಲಾ ಹೊಸ್ತಿಲಿಗೆ ಬಂದಳು.

“ಹೆನ್ರಿ ಎಷ್ಟ ದಿನ ನಿಂತಿದ್ದ?”

“ಮೂರು ದಿನ.”

“ಕಾಲಾಗ ಚಪ್ಪಲಿ ಇದ್ವೇನ್ರಿ?”

“ಇರಲಿಲ್ಲ.”

“ಮತ್ತ? ಬಿಡ್ರಿ ಚಪ್ಪಲಿ.”

ಬಿಟ್ಟೆ. ಅಂಗಳದ ಕಲ್ಲು ಫರಶಿ ಕಾದ ಹಂಚಾಗಿತ್ತು. ಹೆನ್ರಿ ದೊರೆಯ ಗತ್ತಿನಲ್ಲೇ ನಿಂತಿದ್ದನೋ ಏನೋ. ನಾನಂತೂ ಒಂದು ಕಾಲೆತ್ತಿ ಇನ್ನೊಂದು ಇಟ್ಟು ಕುಣಿಯತೊಡಗಿದೆ. ನೀರಿಗೆ ಹೋಗಿ ಬರುತ್ತಿದ್ದ ಓಣಿಯ ಹೆಂಗಸರು ಕೊಡ ಇಳಿಸಿ ನೋಡಿದರು.

“ಬೇ ನೀಲಾ, ಅಳಿಯಾನ ಕಾಲ ಸುಡಾಕತ್ತಾವ, ಒಳಗ ಕರಿಬೇ!” ಎಂದು ಅತ್ತೆ ಕೂಗಿದರು.

“ತಡಿ ಯವ್ವಾ, ಇನ್ನೊಂದ ಪ್ರಶ್ನಾ ಅದ. ಕ್ಷಮಾ ಸಿಕ್ಕ ಮ್ಯಾಲ ಹೆನ್ರಿ ಏನ್ ಮಾಡಿದ?”

ನನ್ನ ಪಾಠ ಕ್ಷಮೆಗೇ ಮುಗಿಯುತ್ತಿತ್ತು. ಮುಂದಿನದನ್ನು ನಾನು ಓದಿಯೇ ಇರಲಿಲ್ಲ. “ಗೊತ್ತಿಲ್ಲ” ಎಂದೆ, ಓಣಿಗೆಲ್ಲ ಕೇಳುವಂತೆ.

“ದಂಡು ಕಟಗೊಂಡು ರೋಮಿಗೆ ಹೋಗಿ, ಆ ಪೋಪನ್ನ ತೆಗದು ತನಗ ಬೇಕಾದವನ್ನ ಕೂಡ್ರಿಸಿದ. ನೀವೂ ಹಂಗ ಮಾಡಾವ್ರೇನ್?”

“ಇಲ್ಲ. ನಂದ ತಪ್ಪಾತು ನೀಲಾ. ಇನ್ನೊಮ್ಮಿ ಮಂದ್ಯಾಗ ನಿನ್ನ ನೋಡಿ ನಗಂಗಿಲ್ಲ.”

ಆಕೆ ನಕ್ಕಳು. ಅತ್ತೆ ನಕ್ಕರು, ಓಣಿಯೇ ನಕ್ಕಿತು. ಯಾರೋ ಪುಣ್ಯಾತ್ಗಿತ್ತಿ ನನ್ನ ಕಾಲ ಮೇಲೆ ಕೊಡದ ನೀರು ಸುರಿದಳು. ಹೆನ್ರಿಯ ಮೂರು ದಿನ ನನಗೆ ಮೂರೇ ನಿಮಿಷಕ್ಕೆ ಮುಗಿದಿತ್ತು.

ನೀಲಾ ಪರೀಕ್ಷೆಗೆ ಕುಳಿತಳು. ಇತಿಹಾಸದಲ್ಲಿ ನನಗೆ ಎಂದೂ ಸಿಗದಷ್ಟು ಅಂಕ ಪಡೆದಳು. ಈಗ ಯಡ್ರಾಮಿಯ ಹೈಸ್ಕೂಲಿನಲ್ಲಿ ಆಕೆ ಇತಿಹಾಸದ ಅಕ್ಕೋರು.

ನಾಳೆ ನನ್ನ ತರಗತಿಯಲ್ಲಿ ಇಂಗ್ಲೆಂಡಿನ ಜಾನ್ ದೊರೆಯ ಪಾಠ. ಸರದಾರರು ಸುತ್ತುವರಿದು ಹಕ್ಕುಪತ್ರಕ್ಕೆ ಅವನ ಮುದ್ರೆ ಹಾಕಿಸಿದರಲ್ಲ, ಅದು. ಇಷ್ಟು ವರ್ಷ ಮುದ್ರೆ ಬಿದ್ದಲ್ಲಿಗೇ ಪುಸ್ತಕ ಮುಚ್ಚುತ್ತಿದ್ದೆ. ಇವತ್ತು ನಿಂತಲ್ಲಿಂದಲೇ ಫೋನ್ ಮಾಡಿದೆ.

“ನೀಲಾ, ಮುದ್ರಿ ಹಾಕಿದ ಮ್ಯಾಲ ಆ ಜಾನ್ ಏನ್ ಮಾಡಿದ?”

ಆ ಕಡೆ ನಗು.

“ಸಂಜಿಕ ಬಂದು ಹೇಳ್ತೇನಿ. ಒಂದ ನೋಟಬುಕ್ ತಂದಿಡ್ರಿ, ಬರಕೋಬೇಕಾಗ್ತದ.”

ರಸ್ತೆ ದಾಟಿ ಹೋಗಿ, ಇನ್ನೂರು ಪುಟದ್ದನ್ನೇ ತೆಗೆದುಕೊಂಡೆ.