ಗೀರೆಂದು ಅಳಿಸಿದ ಗಾಯ

ತಾಮ್ರದ ತಗಡಿನಲ್ಲಿ ಚಿತ್ರ ಕೊರೆದು ಅಚ್ಚು ತೆಗೆಯುವ ಕಲೆಯಲ್ಲಿ, ಹೆಣ್ಣಿನ ಕಾಯಿಲೆ ಕಸಾಲೆಗಳನ್ನು ತಮ್ಮದೇ ಮೈಯನ್ನು ಮುಂದಿಟ್ಟುಕೊಂಡು ಅಂಜದೆ ಅಳುಕದೆ ಹೇಳಿದವರಲ್ಲಿ, ಮೂವತ್ತೊಂದು ವರ್ಷ ಪಾಠ ಹೇಳಿ ಈಗ ನಿವೃತ್ತರಾಗುತ್ತಿರುವ ನಮ್ಮ ಕಲಾಶಾಲೆಯ ಈ ಹಿರಿಯರದು ಮುಂದಿನ ಸಾಲು. ಹಾಜರಿ ಪುಸ್ತಕದಲ್ಲಿ ಅವರು ಪ್ರಾಧ್ಯಾಪಕಿ. ನಮ್ಮೆಲ್ಲರ ಬಾಯಲ್ಲಿ ಮಸಿಯಮ್ಮ. ಅವರ ಅಚ್ಚುಕೋಣೆಯ ಸಹಾಯಕಿಯಾದ ನನ್ನ ಓದು ಅಷ್ಟಕ್ಕಷ್ಟೆ. ತಪ್ಪಿದ್ದರೆ ಪಂಡಿತರು ಹೊಟ್ಟೆಗೆ ಹಾಕಿಕೊಳ್ಳಬೇಕು.

ನಾನು ಸೇರಿದ ಕಾಲಕ್ಕೆ ಅವರು ಮುಟ್ಟಿನ ನೋವಿಗೆ ಬಿಸಿನೀರಿನ ಚೀಲ ಅವಚಿಕೊಂಡು ಮಲಗಿದ ತಮ್ಮನ್ನೇ ಕೊರೆಯುತ್ತಿದ್ದರು. ಆಮೇಲೆ ಗರ್ಭ ನಿಲ್ಲದ ವರ್ಷಗಳ ಚಿತ್ರಗಳು ಬಂದವು. ಅವರ ಅತ್ತೆ ಪ್ರದರ್ಶನಕ್ಕೆ ಬಂದು, "ಮನೆ ಮಾತನ್ನ ಗೋಡೆಗೆ ತೂಗುಹಾಕಿದೀಯಲ್ಲೇ!" ಎಂದು ಗದರಿದರೆ, "ಮುಚ್ಚಿಟ್ರೆ ವಾಸಿಯಾಗುತ್ತಾ ಅತ್ತೆ?" ಎಂದು ನಕ್ಕವರು ಇವರು. ಹೊಟ್ಟೆ ಹಿಡಿದುಕೊಂಡು ಬರುವ ಹುಡುಗಿಯರಿಗೆಂದೇ ಕೋಣೆಯ ಒಂದೇ ಒಂದು ಮೆತ್ತೆಯ ಕುರ್ಚಿಯನ್ನು ಬಿಟ್ಟಿದ್ದರು. ಕೂತವರನ್ನು ಯಾಕೆಂದು ಯಾರೂ ಕೇಳಕೂಡದು.

ಹನ್ನೊಂದು ವರ್ಷದ ಹಿಂದೆ ಕ್ಯಾನ್ಸರಿಗೆ ಎಡ ಸ್ತನ ತೆಗೆಸಿಕೊಂಡು ಬಂದ ಮೇಲೆ ಅವರು ತಮ್ಮ ಬರಿಯ ಎದೆಯನ್ನು ತಗಡಿನಲ್ಲಿ ಕೊರೆದರು. ಆಗ ನನ್ನ ಎದೆಯಲ್ಲೂ ಕಡಲೆಕಾಳಿನಷ್ಟು ಗಂಟು. ಗಂಡನಿಗೂ ಹೇಳಿರಲಿಲ್ಲ, ಡಾಕ್ಟರ ಹತ್ತಿರ ಹೋಗದಿದ್ದರೆ ಅದು ಕಾಯಿಲೆಯೇ ಅಲ್ಲ ಎಂಬ ಹುಂಬತನ.

ಕೈ ಜಾರಿ ತಗಡಿನ ಮೇಲೆ ಬಿದ್ದ ಗೀರುಗಳನ್ನು ಉಕ್ಕಿನ ಕಡ್ಡಿಯಿಂದ ಉಜ್ಜಿ ಅಳಿಸುವುದು ನನ್ನ ಕೆಲಸ. ಆ ಎದೆಯ ಮೇಲೆ ಅಡ್ಡಡ್ಡ ಉದ್ದನೆಯದೊಂದು ಗೀರು ಕಂಡಿತು. ಇಷ್ಟು ಒಳ್ಳೆಯ ಚಿತ್ರ ಕೆಟ್ಟಿತಲ್ಲ ಎಂದು ಅರ್ಧ ಗಂಟೆ ಉಜ್ಜಿ, ನುಣ್ಣಗೆ ಮಾಡಿ, ಅಚ್ಚು ತೆಗೆದೆ.

ಪಾಠ ಮುಗಿಸಿ ಬಂದವರು ಹಾಳೆ ಎತ್ತಿ ನೋಡಿ, ನಗು ತಡೆಯಲಾರದೆ ಕೂತುಬಿಟ್ಟರು. "ಸರ್ಜನ್ ಕೈಲೂ ಆಗದ್ದನ್ನ ಮಾಡಿಬಿಟ್ಯಲ್ಲೇ! ಗಾಯದ ಗುರುತೇ ಇಲ್ಲ!"

"ಗಾಯಾನಾ ಅದು? ಗೀರು ಅಂದ್ಕೊಂಡೆ ಮೇಡಂ."

"ನಿಜವಾದದ್ದನ್ನ ನೋಡಿಲ್ಲ ನೀನು. ಬಾ, ಕನ್ನಡಿ ಹಿಡ್ಕೋ."

ಅಚ್ಚಿನಲ್ಲಿ ಎಡ ಬಲ ತಿರುಗುವುದರಿಂದ ಕನ್ನಡಿ ನೋಡಿಯೇ ಕೊರೆಯುವುದು ಅವರ ಪದ್ಧತಿ. ಬಾಗಿಲು ಹಾಕಿ, ಗುಂಡಿ ಬಿಚ್ಚಿ, ಆ ಗೆರೆಯನ್ನು ಮೊದಲಿಂದ ಕೊರೆಯತೊಡಗಿದರು. ನೋಡದೆ ನನಗೆ ಗತಿಯಿರಲಿಲ್ಲ.

"ಕನ್ನಡಿ ಓರೆಯಾಗ್ತಿದೆ. ಹೆದರಿಕೆನಾ?"

"ನನಗೂ ಒಂದು ಗಂಟಿದೆ ಮೇಡಂ. ನಾಲ್ಕು ತಿಂಗಳಾಯ್ತು."

ಕೊರೆಯುವ ಸೂಜಿ ಕೆಳಗಿಟ್ಟರು. ಒಂದು ಬೈಗುಳವಿಲ್ಲ. "ಚಿತ್ರ ಕಾಯುತ್ತೆ. ಏಳು." ಮಸಿ ಕೈಯಲ್ಲೇ ಆಸ್ಪತ್ರೆಗೆ ಹೊರಟೆವು.

ಗಂಟು ಕೆಟ್ಟದ್ದೇ ಆಗಿತ್ತು. ಇನ್ನಷ್ಟು ತಡವಾಗಿದ್ದರೆ ಕೈ ಮೀರುತ್ತಿತ್ತು ಎಂದರು ಡಾಕ್ಟರು. ಔಷಧಿ ಏರಿಸುವಾಗಲೆಲ್ಲ ಮಸಿಯಮ್ಮ ಪಕ್ಕದಲ್ಲಿ ಕೂತು ಕಾಲೇಜಿನ ಚಾಡಿ ಹೇಳಿ ನಗಿಸಿದರು. ಒಮ್ಮೆ ಮಾತ್ರ, "ನಿನ್ನ ಚಿತ್ರ ಬರೀಲಾ?" ಎಂದು ಕೇಳಿದರು. ಬೇಡವೆಂದೆ. "ಸರಿ ಬಿಡು. ನಿನ್ನ ಮೈ, ನಿನ್ನ ಮಾತು. ಹೇಳಬೇಕು ಅನ್ನಿಸಿದಾಗ ನೀನೇ ಹೇಳು."

ಅಮ್ಮಾ, ಇನ್ನು ಮಂಡಿನೋವನ್ನು ಕೊರೆಯುತ್ತೇನೆ ಎನ್ನುತ್ತಿದ್ದೀರಂತೆ. ನೋವು ಕಡಿಮೆಯಾಗಲಿ, ತಗಡು ಸಾಲದೆ ಬರಲಿ. ನೂರು ತುಂಬಿದ ಮೈಯನ್ನೂ ನಿಮ್ಮ ಕೈಯಾರೆ ಕೊರೆದು ನಮಗೆ ತೋರಿಸುವಂತಾಗಲಿ. ಇಷ್ಟು ವರ್ಷ ಹೊರಗೆ ಯಾರಿಗೂ ಹೇಳದ ನನ್ನ ಮಾತನ್ನು, ನೋಡಿ, ಇವತ್ತು ನಾನೇ ಹೇಳಿದ್ದೇನೆ.