ಅಕ್ಕಯಮ್ಮ ಸರ್ಕಾರಿ ಕಂಬಕ್ಕೆ ಕುಂಕುಮವಿಟ್ಟದ್ದು

ದೊಡ್ಡಬಳ್ಳಾಪುರದ ನೇಕಾರರ ಬೀದಿಯ ಅಕ್ಕಯಮ್ಮ ಕುಳ್ಳಿ. ಸಿಟ್ಟು ಮಾತ್ರ ಆಳೆತ್ತರ. ಗಂಡ ಸತ್ತ ಮೇಲೆ ಒಂದೇ ಕೈಮಗ್ಗದಲ್ಲಿ ಸೀರೆ ನೇಯ್ದು ಇಬ್ಬರು ಹೆಣ್ಣುಮಕ್ಕಳನ್ನು ದಡ ಸೇರಿಸಿದವಳು. ಹಿತ್ತಲ ಬದನೆಗಿಡ ಮೇಯ್ದ ಹೋತವನ್ನು ನಾಲ್ಕು ವರ್ಷದ ಮೇಲೆ ಸಂತೆಯಲ್ಲಿ ಗುರುತು ಹಿಡಿದು ಬಾರಿಸಿದವಳು. ಅಂಥವಳ ಮನೆಯ ಮುಂದೆ, ಜರ್ಮನಿಯ ಯುದ್ಧ ಜೋರಾಗಿದ್ದಾಗ, ಸರ್ಕಾರದ ಕರೆಂಟಿನವರು ಬೀದಿಯ ನಟ್ಟನಡುವೆ ಕಂಬ ನೆಟ್ಟರು.

ಇಕ್ಕಟ್ಟಿನ ಬೀದಿ ಅದು. ಬೆಳಗಿನ ತಂಪಿನಲ್ಲಿ ಸೀರೆಯ ಉದ್ದೆಳೆಯಾದ ಹಾಸಿನ ನೂಲನ್ನು ನಲವತ್ತು ಮೊಳ ಉದ್ದಕ್ಕೆ ಅಲ್ಲೇ ಎಳೆದು ಕಟ್ಟಿ, ಗಂಜಿ ಬಳಿದು ಒಣಗಿಸಬೇಕು. ಗಂಜಿ ಕಾಣದ ನೂಲು ಮಗ್ಗದಲ್ಲಿ ಪಟಪಟನೆ ಹರಿಯುತ್ತದೆ. ಈಗ ಹಾಸು ಎಳೆದರೆ ಇಪ್ಪತ್ತನೆಯ ಮೊಳಕ್ಕೆ ಕಂಬ. ಅಕ್ಕಯಮ್ಮನ ಮಗ್ಗ ನಿಂತಿತು.

ಬೀದಿಯ ತುದಿಯಲ್ಲಿದ್ದ ಓವರ್ಸಿಯರ್ ಆದಿನಾರಾಯಣಪ್ಪನ ಹತ್ತಿರ ಹೋದಳು. ತನ್ನ ಮನೆಗೆ ತಂತಿ ನೆಟ್ಟಗೆ ಬರಲೆಂದು ಕಂಬವನ್ನು ಅಲ್ಲಿ ನೆಡಿಸಿದವನೇ ಅವನು.

“ಸ್ವಾಮೀ, ಬೇರೆ ಕಡೆ ಹಾಕ್ಸಿ. ಹೊಟ್ಟೆಪಾಡು.”

“ಸರ್ಕಾರದ ಕಂಬ ಕಣಮ್ಮ, ನಿನ್ ದಾರಕ್ಕೆ ಸರೀತದಾ? ಕೈ ಮುಗಿದು ಕೇಳ್ಕೋ ಹೋಗು, ಅದೇ ಎದ್ದು ಹೋದ್ರೂ ಹೋದೀತು!”

ಜಗಲಿಯ ಮೇಲಿದ್ದವರೆಲ್ಲ ನಕ್ಕರು. ಅಕ್ಕಯಮ್ಮ ನಗಲಿಲ್ಲ. “ಆಗ್ಲಿ ಸ್ವಾಮಿ, ಮುಗೀತೀನಿ” ಎಂದಳು.

ಮರುದಿನ ಮಂಗಳವಾರ. ಕಂಬಕ್ಕೆ ನೀರೆರೆದು, ಅರಿಸಿನ ಬಳಿದು, ಅಂಗೈಯಗಲ ಕುಂಕುಮವಿಟ್ಟು, ಸೀರೆ ಉಡಿಸಿದಳು. ಕಂಬದಮ್ಮ ಅವತರಿಸಿದಳು! ಶುಕ್ರವಾರಕ್ಕೆ ಬೀದಿಯ ಹೆಂಗಸರೆಲ್ಲ ತಂಬಿಟ್ಟಿನಾರತಿ ತಂದರು. ಆದಿನಾರಾಯಣಪ್ಪ ಹೊಟ್ಟೆ ಹಿಡಿದುಕೊಂಡು ನಕ್ಕ.

ಆಷಾಢದ ಗಾಳಿಗೆ ಕಂಬದ ತುದಿಯಲ್ಲಿ ಅವನ ಮನೆಯ ತಂತಿಯೇ ಕಳಚಿತು. ಲೈನ್‌ಮನ್ ಪಿಳ್ಳಣ್ಣ ಚರ್ಮದ ಬೆಲ್ಟು ಬಿಗಿದು ಏಣಿ ತಂದ. ಅಕ್ಕಯಮ್ಮ ಅಡ್ಡ ನಿಂತಳು.

“ಲೇ ಪಿಳ್ಳಣ್ಣ, ಚರ್ಮ ಕಟ್ಕೊಂಡು ಅಮ್ಮನ ಮೈಮೇಲೆ ಹತ್ತೀಯೇನೋ?”

“ಬೆಲ್ಟಿಲ್ದೆ ಹತ್ತಿದ್ರೆ ಬಿದ್ದು ಸಾಯ್ತೀನಿ ಕಣಕ್ಕ!”

“ಹಂಗಾದ್ರೆ ಕಟ್ಕೊಂಡೇ ಹತ್ತು, ನೋಡಾಣ. ಬೆಳಿಗ್ಗೆ ನಿನ್ ಹೆಂಡ್ತಿನೇ ಬಂದು ಮಡ್ಲಕ್ಕಿ ತುಂಬವ್ಳೆ.”

ಪಿಳ್ಳಣ್ಣ ಏಣಿ ಇಳಿಸಿ, ಕೆನ್ನೆ ಕೆನ್ನೆ ಬಡಿದುಕೊಂಡು ಹೋದ.

ಹದಿನೈದು ದಿನ, ಊರಿಗೆ ಬೆಳಕು ಹಂಚುವ ಮಹಾಪುರುಷನ ಮನೆಯಲ್ಲಿ ಸೀಮೆಎಣ್ಣೆ ಬುಡ್ಡಿ. ಹೆಂಡತಿ ದೇವನಹಳ್ಳಿಯ ತವರಿಗೆ ಗಂಟು ಕಟ್ಟಿದ ದಿನ ಅವನು ಅಕ್ಕಯಮ್ಮನ ಹೊಸಿಲಿಗೆ ಬಂದ.

“ಎಲ್ಲಿಗೆ ಹಾಕ್ಸಲಿ ತಾಯಿ?”

“ನನ್ನನ್ಯಾಕೆ ಕೇಳ್ತೀರಿ? ಕೈ ಮುಗಿದು ಅಮ್ಮನ್ನೇ ಕೇಳಿ.”

ಕೇಳಿದ. ಬರಿಗಾಲಲ್ಲಿ, ಒದ್ದೆ ಪಂಚೆಯಲ್ಲಿ, ಇಡೀ ಬೀದಿ ನೋಡುತ್ತಿರಲು ಕೇಳಿದ. ಅಕ್ಕಯಮ್ಮ ಕಂಬದ ನಾಲ್ಕು ಕಡೆಗೂ ಹೂವು ಅಂಟಿಸಿದ್ದಳು; ಮೂರಕ್ಕೆ ಗಂಜಿ, ಓವರ್ಸಿಯರ್ ಮನೆಯ ಕಡೆಯದಕ್ಕೆ ಬರೀ ನೀರು. ಅಮ್ಮ ಪ್ರಸಾದ ಕೊಟ್ಟಳು: ಹೂವು ಅವನ ಮನೆಯ ದಿಕ್ಕಿಗೇ ಬಿತ್ತು. ಅಪ್ಪಣೆಯಾದ ಮೇಲೆ ಬೆಲ್ಟಿನ ಮೈಲಿಗೆ ಯಾರಿಗೂ ನೆನಪಾಗಲಿಲ್ಲ.

ತಮಟೆಯೊಂದಿಗೆ ಮೆರವಣಿಗೆ ಹೊರಟ ಕಂಬದಮ್ಮ ಆದಿನಾರಾಯಣಪ್ಪನ ಬಾಗಿಲೆದುರೇ ನೆಲೆಸಿದಳು. ಅಂದಿನಿಂದ ಮಂಗಳವಾರ, ಶುಕ್ರವಾರ ಅವನ ಜಗಲಿಯ ತುಂಬ ಹೆಂಗಸರು, ತೆಂಗಿನ ಚಿಪ್ಪು, ತಮಟೆ.

ಮೆರವಣಿಗೆಯ ಮರುದಿನ ಬೆಳಿಗ್ಗೆ ಅಕ್ಕಯಮ್ಮ ನಲವತ್ತು ಮೊಳವನ್ನೂ ಬಿಗಿಯಾಗಿ ಎಳೆದು ಕಟ್ಟಿ ಗಂಜಿ ಬಳಿದಳು. ಉಳಿದ ಗಂಜಿಗೆ ಚಿಟಿಕೆ ಉಪ್ಪು ಹಾಕಿ, ಅಮ್ಮನ ಪ್ರಸಾದವೆಂದು ಓವರ್ಸಿಯರ್‌ಗೆ ಕೊಟ್ಟಳು.

ಅವನು ಕಣ್ಣಿಗೊತ್ತಿಕೊಂಡು ಕುಡಿದ. ಅವಳು ಲೋಟ ಖಾಲಿಯಾಗುವವರೆಗೆ ನಿಂತಿದ್ದಳು.